ಸುಮನಹಳ್ಳಿ ಅಂದರೆ ಬರೀ ಬ್ರಿಡ್ಜ್ ಅಲ್ಲ

ವಿಜಯನಗರದ ಟೋಲ್‌ಗೇಟ್ ಹತ್ತಿರ ಬಸ್ಸು ಹತ್ತಿ ಮಾಗಡಿ ರಸ್ತೆಯಲ್ಲಿ ಹೊರಟರೆ, ಕಾಮಾಕ್ಷಿಪಾಳ್ಯ ದಾಟಿದ ಮೇಲೆ ಕಂಡಕ್ಟರ್ "ಸುಮ್ನಳ್ಳಿ ಬ್ರಿಡ್ಜ್, ಸುಮ್ನಳ್ಳಿ ಬ್ರಿಡ್ಜ್" ಅಂತ ಕೂಗುತ್ತಾನೆ. ಅರ್ಧ ಬಸ್ಸು ಅಲ್ಲೇ ಇಳಿಯುತ್ತೆ, ರಿಂಗ್ ರೋಡಿನ ಬಸ್ಸು ಹಿಡಿಯೋಕೆ. 2019ರಲ್ಲಿ ಆ ಮೇಲ್ಸೇತುವೆಯ ಮೇಲೆ ತೂತು ಬಿದ್ದು ಕೆಳಗಿನ ನೆಲ ಕಾಣಿಸಿದಾಗ ಪೇಪರಿನಲ್ಲೆಲ್ಲ ಅದರದೇ ಫೋಟೋ. ಹೀಗೆ ಸುಮನಹಳ್ಳಿ ಅಂದರೆ ಒಂದು ಬ್ರಿಡ್ಜು, ಒಂದು ಸಿಗ್ನಲ್ಲು, ಒಂದು ಟ್ರಾಫಿಕ್ ಜಾಮು. ಹಳ್ಳಿ ಎಲ್ಲಿದೆ ಅಂತ ಯಾರೂ ಕೇಳಲ್ಲ. ನಾನೂ ಬಹಳ ವರ್ಷ ಕೇಳಿರಲಿಲ್ಲ.

ನಮ್ಮ ಕಡೆ ಹೊಸಹಳ್ಳಿ, ಮಾರೇನಹಳ್ಳಿ, ಅತ್ತಿಗುಪ್ಪೆ, ಅಗ್ರಹಾರ ದಾಸರಹಳ್ಳಿ ಅಂತೆಲ್ಲ ಇವೆಯಲ್ಲ, ಅವು ನಿಜವಾದ ಹಳೇ ಊರುಗಳು. ಬಡಾವಣೆಗಳು ಬಂದು ಅವನ್ನು ನುಂಗಿದವು, ಹೆಸರು ಮಾತ್ರ ಉಳಿಯಿತು. ಸುಮನಹಳ್ಳಿಯ ಕತೆ ಉಲ್ಟಾ. ಅದು 1977-78ರ ಹೊತ್ತಿಗೆ, ಬೆಂಗಳೂರು ಬೆಳೆದು ಅತ್ತ ಬರುತ್ತಿದ್ದ ಕಾಲದಲ್ಲಿ, ಹೊಸದಾಗಿ ಹುಟ್ಟಿದ ಹಳ್ಳಿ. ಹುಟ್ಟಿದ್ದು ಕುಷ್ಠರೋಗಿಗಳಿಗಾಗಿ.

ನನಗೆ ಈ ಹೆಸರು ಮೊದಲು ಬಂದದ್ದು ಒಂದು ಬಟ್ಟೆ ಚೀಲದ ಮೂಲಕ. ನಾನಾಗ ಮಿಡ್ಲ್‌ಸ್ಕೂಲು. ಪಕ್ಕದ ಮನೆಯಲ್ಲಿ ಒಬ್ಬರು ಟೀಚರ್ ಇದ್ದರು, ಕ್ಯಾಥೊಲಿಕ್ಕರು. ಕ್ರಿಸ್‌ಮಸ್‌ಗೆ ಕಲ್‌ಕಲ್ಸು, ಕೇಕು ತಟ್ಟೆ ತುಂಬ ಕೊಡುವರು, ನಾವು ಸಂಕ್ರಾಂತಿಗೆ ಎಳ್ಳು-ಬೆಲ್ಲ ಕೊಡುತ್ತಿದ್ದೆವು. ಒಂದು ವರ್ಷ ಅಮ್ಮನಿಗೆ ಒಂದು ಚೀಲ ಕೊಟ್ಟರು. ಗಟ್ಟಿ ಬಟ್ಟೆ, ಅಚ್ಚುಕಟ್ಟಾದ ಹೊಲಿಗೆ. "ಸುಮನಹಳ್ಳೀಲಿ ನಮ್ಮವರು ಹೊಲಿದದ್ದು" ಅಂದರು. ಅಮ್ಮ ಖುಷಿಯಿಂದ ತಗೊಂಡರು. ಸಂಜೆ ಅಪ್ಪ ಆಫೀಸಿನಿಂದ ಬಂದು ಸುಮನಹಳ್ಳಿ ಅಂದರೆ ಏನು ಅಂತ ಹೇಳಿದ ಮೇಲೆ ಚೀಲ ಅಟ್ಟ ಸೇರಿತು. ಅಮ್ಮ ಅವತ್ತು ಎರಡೆರಡು ಸಲ ಸೋಪು ಹಾಕಿ ಕೈ ತೊಳೆದದ್ದು ನನಗೆ ನೆನಪಿದೆ. ಅಮ್ಮನ್ನ ಬೈಯೋದಕ್ಕೆ ಇದನ್ನು ಬರೀತಿಲ್ಲ. ಆಗ ಎಲ್ಲರ ಮನೇಲೂ ಅಷ್ಟೇ.

ಎಂಬತ್ತರ ದಶಕದ ಬೆಂಗಳೂರು ನೋಡಿದವರಿಗೆ ಆ ದೃಶ್ಯ ಗೊತ್ತಿರುತ್ತೆ. ಬೇರಿಂಗ್ ಚಕ್ರದ ಮರದ ಗಾಡಿ, ಅದರ ಮೇಲೆ ಬಟ್ಟೆ ಸುತ್ತಿದ ಕೈಕಾಲಿನ ಒಬ್ಬರು, ತಳ್ಳೋಕೆ ಇನ್ನೊಬ್ಬರು. ತಟ್ಟೆಗೆ ಚಿಲ್ಲರೆ ಹಾಕುವವರು ಮೇಲಿನಿಂದ ಎಸೆಯುತ್ತಿದ್ದರು, ಮುಟ್ಟಬಾರದಲ್ಲ! 1975ರಲ್ಲಿ ಕರ್ನಾಟಕದಲ್ಲಿ ಭಿಕ್ಷಾಟನೆ ನಿಷೇಧ ಕಾಯ್ದೆ ಬಂತು. ಭಿಕ್ಷುಕರನ್ನು ಬೀದಿಯಿಂದ ಎತ್ತಿ ಒಂದು ಕಡೆ ಇಡುವುದೇನೋ ಸರಿ, ಆದರೆ ಅವರಲ್ಲಿ ಕುಷ್ಠರೋಗದವರನ್ನು ಏನು ಮಾಡುವುದು? ದೇವರಾಜ ಅರಸು ಅವರ ಸರಕಾರ ಆಗಿನ ಬೆಂಗಳೂರಿನ ಆರ್ಚ್‌ಬಿಷಪ್ ಪಾಕಿಯಂ ಆರೋಕ್ಯಸ್ವಾಮಿಯವರನ್ನು ಕೇಳಿತು. ಅವರು ನಗರದಲ್ಲಿದ್ದ ಬೇರೆ ಬೇರೆ ಗುರುಗಳ, ಸಿಸ್ಟರ್‌ಗಳ ಸಭೆಗಳನ್ನು ಕೂಡಿಸಿದರು. ಸರಕಾರ ಮಾಗಡಿ ರಸ್ತೆಯಲ್ಲಿ ಅರವತ್ತು ಎಕರೆಗೂ ಮಿಕ್ಕಿ ಜಾಗವನ್ನು ಗುತ್ತಿಗೆಗೆ ಕೊಟ್ಟಿತು. ಮುಂದೆ ಅದನ್ನು ನಡೆಸಿಕೊಂಡು ಬಂದವರು ಕ್ಲಾರೆಶಿಯನ್ ಗುರುಗಳು. 1849ರಲ್ಲಿ ಸ್ಪೇನಿನಲ್ಲಿ ಶುರುವಾದ ಸಭೆ ಅವರದು.

ಕ್ರೈಸ್ತರನ್ನೇ ಯಾಕೆ ಕೇಳಿದರು ಅನ್ನೋದಕ್ಕೆ ಹಳೇ ಕಾರಣ ಇದೆ. ನಮ್ಮಲ್ಲಿ ಈ ರೋಗದ ಹತ್ತಿರ ಹೋದವರಲ್ಲಿ ಬಹಳ ಮಂದಿ ಅವರೇ. ಮಂಗಳೂರಿನ ಕಂಕನಾಡಿಯಲ್ಲಿ ಜರ್ಮನಿಯ ಜೆಸ್ವಿಟ್ ಪಾದ್ರಿ ಆಗಸ್ಟಸ್ ಮುಲ್ಲರ್ 1880ರಲ್ಲಿ ಹೋಮಿಯೋಪತಿ ಔಷಧಿ ಕೊಡಲು ಶುರು ಮಾಡಿ, 1890ಕ್ಕೆ ಕುಷ್ಠರೋಗಿಗಳಿಗೆ ಆಶ್ರಯ ಕಟ್ಟಿದರು. ಇವತ್ತಿನ ಫಾದರ್ ಮುಲ್ಲರ್ ಆಸ್ಪತ್ರೆಯ ಬೇರು ಅಲ್ಲಿದೆ. ಅದೇ ಕಾಲದಲ್ಲಿ ಬೆಲ್ಜಿಯಂನ ಫಾದರ್ ಡೇಮಿಯನ್ ಹವಾಯಿಯ ಮೊಲೊಕಾಯ್ ದ್ವೀಪಕ್ಕೆ 1873ರಲ್ಲಿ ಹೋಗಿ, ಅಲ್ಲಿನ ರೋಗಿಗಳ ಜತೆಗೇ ಇದ್ದು, ತಮಗೂ ರೋಗ ತಗುಲಿ 1889ರಲ್ಲಿ ತೀರಿಕೊಂಡರು. ಬಿಸಿನೀರಿನಲ್ಲಿ ಕಾಲಿಟ್ಟಾಗ ಸುಟ್ಟದ್ದು ಗೊತ್ತೇ ಆಗಲಿಲ್ಲವಂತೆ, ರೋಗ ಬಂದಿದೆ ಅಂತ ತಿಳಿದದ್ದು ಹಾಗೆ.

ಸರಕಾರದ ದಾರಿ ಬೇರೆಯೇ ಇತ್ತು. ಬ್ರಿಟಿಷ್ ಇಂಡಿಯಾದಲ್ಲಿ 1898ರಲ್ಲಿ ಬಂದ ಲೆಪರ್ಸ್ ಆ್ಯಕ್ಟ್ ಪ್ರಕಾರ ಬಡ ರೋಗಿಯನ್ನು ಪೊಲೀಸರು ವಾರಂಟ್ ಇಲ್ಲದೆ ಹಿಡಿದು ಆಶ್ರಮಕ್ಕೆ ತಳ್ಳಬಹುದಿತ್ತು. 'ಬಡ' ಅನ್ನೋ ಮಾತು ಗಮನಿಸಿ. ದುಡ್ಡಿದ್ದವನಿಗೆ ರೋಗ ಬಂದರೆ ಮನೆಯಲ್ಲಿರಬಹುದು! ಈ ಕಾಯ್ದೆಯನ್ನು ತೆಗೆದು ಹಾಕಿದ್ದು ಯಾವಾಗ ಅಂದುಕೊಂಡಿರಿ? 2016ರಲ್ಲಿ. ಕುಷ್ಠರೋಗ ಬಂದಿದೆ ಅಂತ ವಿಚ್ಛೇದನ ಕೊಡಬಹುದು ಅನ್ನುವ ಕಲಮು ಹೋದದ್ದು 2019ರಲ್ಲಿ.

ಈ ಕಾನೂನುಗಳೆಲ್ಲ ಇದ್ದಾಗಲೇ ರೋಗಕ್ಕೆ ಮದ್ದು ಸಿಕ್ಕಿ ದಶಕಗಳಾಗಿದ್ದವು ಅನ್ನೋದು ತಮಾಷೆ. 1940ರ ದಶಕದಲ್ಲೇ ಡ್ಯಾಪ್ಸೋನ್ ಮಾದರಿಯ ಮದ್ದು ಬಂತು. 1981ರಿಂದ ವಿಶ್ವ ಆರೋಗ್ಯ ಸಂಸ್ಥೆ ಎರಡು-ಮೂರು ಮದ್ದು ಸೇರಿಸಿ ಕೊಡಲು ಹೇಳಿತು. ಆರು ತಿಂಗಳು, ಹೆಚ್ಚೆಂದರೆ ಒಂದು ವರ್ಷ, ಅಷ್ಟೇ. ಮದ್ದು ಶುರುವಾದ ಸ್ವಲ್ಪ ದಿನಕ್ಕೇ ರೋಗ ಬೇರೆಯವರಿಗೆ ಹರಡುವುದು ನಿಲ್ಲುತ್ತದೆ. ಆದರೆ ಸತ್ತ ನರ ಮತ್ತೆ ಬದುಕುವುದಿಲ್ಲ. ಕಾಲಿಗೆ ಮುಳ್ಳು ಚುಚ್ಚಿದರೆ ಗೊತ್ತಾಗಲ್ಲ, ಬಿಸಿ ಪಾತ್ರೆ ಹಿಡಿದರೆ ಗೊತ್ತಾಗಲ್ಲ. ಬೆರಳು ರೋಗದಿಂದ ಉದುರುವುದಿಲ್ಲ. ನೋವೇ ಇಲ್ಲದ್ದರಿಂದ ಗಾಯದ ಮೇಲೆ ಗಾಯವಾಗಿ ಸವೆದು ಹೋಗುತ್ತೆ. ಇದನ್ನು ಲೋಕಕ್ಕೆ ತೋರಿಸಿಕೊಟ್ಟವರು ವೆಲ್ಲೂರಿನಲ್ಲಿದ್ದ ಡಾ. ಪಾಲ್ ಬ್ರ್ಯಾಂಡ್. ಹೀಗಾಗಿ ವಾಸಿಯಾದವರಿಗೆ ಮಾತ್ರೆಗಿಂತ ಮೆತ್ತನೆ ರಬ್ಬರಿನ ಚಪ್ಪಲಿ ಮುಖ್ಯ, ದಿನಾ ಕಾಲು ತೊಳೆದು ನೋಡಿಕೊಳ್ಳುವುದು ಮುಖ್ಯ. (ಕಾಲು ತೊಳೆಯೋದು ಅಂದಾಗ ಟೀಚರ್ ನಗುತ್ತಿದ್ದರು. ಯೇಸು ಶಿಷ್ಯರ ಕಾಲು ತೊಳೆದದ್ದನ್ನು ಚರ್ಚಿನಲ್ಲಿ ವರ್ಷಕ್ಕೊಮ್ಮೆ ಮಾಡ್ತೀವಿ, ಅಲ್ಲಿ ದಿನಾ ಮಾಡ್ತಾರೆ ಅಂತ.)

ವಾಸಿಯಾದ ಮೇಲೆ ಎಲ್ಲಿಗೆ ಹೋಗೋದು? ಇದೇ ನಿಜವಾದ ಪ್ರಶ್ನೆ. ಸರ್ಟಿಫಿಕೇಟು ಹಿಡಿದು ಊರಿಗೆ ಹೋದರೆ ಅಣ್ಣತಮ್ಮಂದಿರು ಬಾಗಿಲು ತೆಗೆಯಲ್ಲ, ತಂಗಿ ಮದುವೆ ನಿಲ್ಲುತ್ತೆ. ಆಸ್ಪತ್ರೆ ಸಾಲದು, ಊರೇ ಬೇಕು. ಸುಮನಹಳ್ಳಿಯವರು ಕಟ್ಟಿದ್ದು ಅದನ್ನು. ಹೊಲಿಗೆ, ಚರ್ಮದ ಸಾಮಾನು, ಕೆಲಸ, ಸಂಬಳ, ಸಂಸಾರ ಮಾಡಿಕೊಂಡವರಿಗೆ ಮನೆ, ಮಕ್ಕಳಿಗೆ ಓದು. ಎಲ್ಲ ಜಾತಿ-ಧರ್ಮದವರೂ ಅಲ್ಲಿದ್ದಾರೆ. ಹೆಸರನ್ನೇ ನೋಡಿ. 1876-78ರ ಬರಗಾಲದ ನಂತರ ಫ್ರೆಂಚ್ ಪಾದ್ರಿಗಳು ಅನಾಥರಿಗಾಗಿ ಊರು ಕಟ್ಟಿದಾಗ ನೆಲಮಂಗಲದ ಕಡೆ ಸಿಲುವೇಪುರ, ಕನಕಪುರದ ಕಡೆ ಮರಿಯಾಪುರ ಅಂತ ಹೆಸರಿಟ್ಟರು. ನೂರು ವರ್ಷದ ಮೇಲೆ ಅದೇ ಧರ್ಮಸಭೆ ಇನ್ನೊಂದು ಊರಿಗೆ ಸುಮನಹಳ್ಳಿ ಅಂದಿತು. ಶಿಲುಬೆಯೂ ಇಲ್ಲ, ಸಂತರೂ ಇಲ್ಲ. ಒಳ್ಳೇ ಮನಸ್ಸಿನವರ ಹಳ್ಳಿ, ಅಷ್ಟೇ. ನನಗೆ ಈ ಬದಲಾವಣೆ ಬಹಳ ದೊಡ್ಡದು ಅನ್ನಿಸುತ್ತೆ.

ಬೈಬಲಿನ 'ಪ್ರೇಷಿತರ ಕಾರ್ಯಕಲಾಪಗಳು' ಪುಸ್ತಕದಲ್ಲಿ ಮೊದಲ ಕ್ರೈಸ್ತರು ಆಸ್ತಿ ಹಂಚಿಕೊಂಡು ಒಟ್ಟಿಗೇ ಉಣ್ಣುತ್ತಿದ್ದ ವಿಷಯ ಬರುತ್ತೆ. ಟೀಚರ್ ಭಾನುವಾರಗಳಲ್ಲಿ ಚರ್ಚಿನ ಬೇರೆ ಹೆಂಗಸರ ಜತೆ ಸುಮನಹಳ್ಳಿಗೆ ಹೋಗುತ್ತಿದ್ದರು. ದೊಡ್ಡವನಾದ ಮೇಲೆ ಒಂದು ಸಲ ಕೇಳಿದೆ, ಗಾಯ ತೊಳೆಯೋಕೆ ಹೇಸಿಗೆ ಆಗುತ್ತಿರಲಿಲ್ಲವಾ ಅಂತ. "ಗಾಯ ತೊಳೆಯೋದು ಕಷ್ಟ ಅಲ್ಲಪ್ಪ. ಕೈಗೆ ಗ್ಲೌಸ್ ಇರುತ್ತೆ, ನಾವು ದೊಡ್ಡ ಮನುಷ್ಯರು ಅನ್ನಿಸುತ್ತೆ. ಅವರು ಬಡಿಸಿದ್ದನ್ನ ಅವರ ಪಕ್ಕ ಕೂತು ತಿನ್ನೋದು... ಅದಕ್ಕೆ ನಂಗೆ ನಾಲ್ಕು ತಿಂಗಳು ಬೇಕಾಯ್ತು" ಅಂದರು.

ನನಗೊಂದು ಅನುಮಾನವೂ ಇದೆ, ಹೇಳಿಬಿಡುತ್ತೇನೆ. ಬೇರೆ ಊರು ಕಟ್ಟಿಕೊಟ್ಟರೆ ನಾವು, ಅಂದರೆ ಉಳಿದ ಊರಿನವರು, ತಪ್ಪಿಸಿಕೊಂಡ ಹಾಗಾಗಲ್ಲವಾ? ಅವರು ಅಲ್ಲಿದ್ದಾರೆ, ನೋಡಿಕೊಳ್ಳೋರಿದ್ದಾರೆ, ನಮಗೇನು ಅಂತ. ಆದರೆ ಅದೇ ಮಾಗಡಿ ರಸ್ತೆಯಲ್ಲಿ ಭಿಕ್ಷಾಟನೆ ಕಾಯ್ದೆಯಡಿ ಹಿಡಿದು ತಂದವರನ್ನು ಇಡುವ ನಿರಾಶ್ರಿತರ ಕೇಂದ್ರವೂ ಇದೆ, ನಾವೆಲ್ಲ ಬೆಗ್ಗರ್ಸ್ ಕಾಲೋನಿ ಅನ್ನುವ ಜಾಗ. 2010ರ ಆಗಸ್ಟ್‌ನಲ್ಲಿ ಅಲ್ಲಿ ಒಬ್ಬರ ಹಿಂದೊಬ್ಬರು ಸತ್ತದ್ದು ದೊಡ್ಡ ಸುದ್ದಿಯಾಗಿ, ಮಂತ್ರಿಯೊಬ್ಬರು ರಾಜೀನಾಮೆ ಕೊಡಬೇಕಾಯಿತು. ಒಂದೇ ರಸ್ತೆ, ಎರಡು ಕಡೆಯೂ ಊರಿಗೆ ಬೇಡವಾದ ಜನ. ಒಂದು ಕಡೆ ಅವರನ್ನು ಇಟ್ಟಿದ್ದರು, ಇನ್ನೊಂದು ಕಡೆ ಅವರ ಜತೆ ಇದ್ದರು. ಇದನ್ನು ನೋಡಿದ ಮೇಲೆ ನನ್ನ ಅನುಮಾನವನ್ನು ಜೋರಾಗಿ ಹೇಳೋಕೆ ಬಾಯಿ ಬರಲ್ಲ.

2005ರ ಕೊನೆಗೆ ದೇಶದಲ್ಲಿ ರೋಗ ಹತ್ತು ಸಾವಿರಕ್ಕೆ ಒಬ್ಬರಿಗಿಂತ ಕಡಿಮೆಯಾಯಿತು ಅಂತ ಸರಕಾರ ಹೇಳಿತು. ಹಾಗಂತ ಹೋಗಿಬಿಟ್ಟಿಲ್ಲ. ಈಗಲೂ ವರ್ಷಕ್ಕೆ ಲಕ್ಷದ ಆಸುಪಾಸು ಹೊಸ ರೋಗಿಗಳು, ಜಗತ್ತಿನ ಅರ್ಧಕ್ಕಿಂತ ಹೆಚ್ಚು ನಮ್ಮಲ್ಲೇ. ಸುಮನಹಳ್ಳಿ ಎಚ್‌ಐವಿ ಇದ್ದವರನ್ನೂ, ದಿಕ್ಕಿಲ್ಲದ ಮಕ್ಕಳನ್ನೂ ಒಳಗೆ ಸೇರಿಸಿಕೊಂಡಿತು. ಹೊರಗೆ ನೆಲಕ್ಕೆ ಚಿನ್ನದ ಬೆಲೆ ಬಂತು. 2024ರ ಆಗಸ್ಟ್‌ನಲ್ಲಿ ಒಪ್ಪಿಗೆಯಾದ ಮೂರನೇ ಹಂತದ ಮೆಟ್ರೊದಲ್ಲಿ ರಿಂಗ್ ರೋಡಿನ ಲೈನು, ಹೊಸಹಳ್ಳಿ-ಕಡಬಗೆರೆ ಲೈನು ಎರಡೂ ಸೇರುವುದು ಸುಮನಹಳ್ಳಿ ಕ್ರಾಸಿನಲ್ಲೇ. ಗುತ್ತಿಗೆಯ ನೆಲದಲ್ಲಿ ಕೂತವರಿಗೆ ಇದು ಸಿಹಿ ಸುದ್ದಿಯೋ ಕಹಿಯೋ, ನೀವೇ ಯೋಚಿಸಿ. ಐವತ್ತು ವರ್ಷದ ಹಿಂದೆ ಯಾರಿಗೂ ಬೇಡದ ಮೂಲೆ ಅಂತ ಕೊಟ್ಟ ಜಾಗ ಅದು.

ಟೀಚರ್ ಈಗಿಲ್ಲ. ಹೋದ ವರ್ಷ ಮನೆಗೆ ಸುಣ್ಣಬಣ್ಣ ಮಾಡಿಸುವಾಗ ಅಟ್ಟ ಇಳಿಸಿದಾಗ ಆ ಚೀಲ ಸಿಕ್ಕಿತು. ಒಂದು ಹೊಲಿಗೆಯೂ ಬಿಟ್ಟಿರಲಿಲ್ಲ. ಅಮ್ಮ ಸುಮಾರು ಹೊತ್ತು ಕೈಯಲ್ಲಿ ಹಿಡಿದು ನೋಡಿ, ಒಗೆದು ಒಣಗಿಸಿದರು. ಈಗ ಅದರಲ್ಲಿ ತರಕಾರಿ ತರ್ತಾರೆ.