ತೆರೆಯ ಹಿಂದಿನ ಕಿವಿ

ಚಲಚ್ಚಿತ್ರವನ್ನು ಕಣ್ಣು ಮುಚ್ಚಿ ಕೇಳಿದವರು ವಿರಳ. ರೇಡಿಯೋ ಕೇಳುವ ಅಭ್ಯಾಸವುಳ್ಳ ತಾವು ಒಮ್ಮೆ ಹಾಗೆ ಮಾಡಿ ನೋಡಬೇಕು. ಮಾತು, ಹಾಡುಗಳ ನಡುವೆ ಇನ್ನೊಂದು ಲೋಕವೇ ಇರುವುದು ಆಗ ತಿಳಿಯುತ್ತದೆ: ಬಾವಿಯ ರಾಟೆ, ಬಾಗಿಲ ಅಗುಳಿ, ದೂರದಲ್ಲಿ ಬೊಗಳುವ ನಾಯಿ. ಇವನ್ನು ಹಿಡಿದು, ಹದವರಿತು ಬೆರೆಸುವವನೇ ಧ್ವನಿಗ್ರಾಹಕ. ಅವನ ಹೆಸರು ತೆರೆಯ ಮೇಲೆ ಮೂಡುವ ಹೊತ್ತಿಗೆ ನಾವು ಇನ್ನೂ ಆಸನ ಹುಡುಕುತ್ತಿರುತ್ತೇವೆ!

ಕನ್ನಡ ಚಿತ್ರದ ದನಿಗೆ ಬಹುಕಾಲ ಸ್ವಂತ ಮನೆ ಇರಲಿಲ್ಲ. 1934ರ ಮಾರ್ಚ್ 3ರಂದು ತೆರೆಕಂಡ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ತಯಾರಾದುದು ಕೊಲ್ಹಾಪುರದಲ್ಲಿ. ಆಮೇಲೆ ಹಲವು ದಶಕಗಳ ಕಾಲ ನಮ್ಮ ನಿರ್ಮಾಪಕರು ಧ್ವನಿಮುದ್ರಣಕ್ಕೆಂದು ಮದರಾಸಿನ ರೈಲು ಹತ್ತುತ್ತಿದ್ದರು.

ಆ ದಿನಗಳಲ್ಲಿ ಹೆಸರು ಪಡೆದವರಲ್ಲಿ ಎಸ್. ಪಿ. ರಾಮನಾಥನ್ ಒಬ್ಬರು. ಭೈರಪ್ಪನವರ ಕಾದಂಬರಿಯನ್ನು ಆಧರಿಸಿ ಗಿರೀಶ ಕಾರ್ನಾಡ ಮತ್ತು ಬಿ. ವಿ. ಕಾರಂತರು ನಿರ್ದೇಶಿಸಿದ ‘ತಬ್ಬಲಿಯು ನೀನಾದೆ ಮಗನೆ’ ಚಿತ್ರದ ಧ್ವನಿಗ್ರಹಣಕ್ಕಾಗಿ 1977ನೆಯ ಸಾಲಿನ ರಾಷ್ಟ್ರಪ್ರಶಸ್ತಿ ಅವರಿಗೆ ಸಂದಿತು. 1980ನೆಯ ಸಾಲಿನ ‘ಹಮ್ ಪಾಂಚ್’ ಅವರಿಗೆ ಮತ್ತೆ ಅದೇ ಗೌರವ ತಂದಿತು. ಇದು ಪುಟ್ಟಣ್ಣ ಕಣಗಾಲರ ‘ಪಡುವಾರಳ್ಳಿ ಪಾಂಡವರು’ ಚಿತ್ರದ ಹಿಂದಿ ರೂಪ.

ಮೊದಲನೆಯ ಚಿತ್ರದ ಕಥೆಯ ಜೀವಾಳ ಗೋವು. ಇಲ್ಲಿಯೇ ಧ್ವನಿಗ್ರಾಹಕನ ಪರೀಕ್ಷೆ. 1954ರಲ್ಲಿ ಜಪಾನಿನ ‘ಗಾಡ್ಜಿಲ್ಲಾ’ ಚಿತ್ರಕ್ಕೆ ಸಂಗೀತಗಾರ ಅಕಿರಾ ಇಫುಕುಬೆ ದೈತ್ಯಪ್ರಾಣಿಯ ಗರ್ಜನೆ ಬೇಕೆಂದಾಗ, ದೊಡ್ಡ ತಂತಿವಾದ್ಯವೊಂದರ ತಂತಿಯನ್ನು ಚರ್ಮದ ಕೈಗವಸಿನಿಂದ ಉಜ್ಜಿ ಹುಟ್ಟಿಸಿದರು. ಯಾರೂ ಕೇಳದ ಪ್ರಾಣಿಗೆ ಯಾವ ದನಿಯಾದರೂ ಒಪ್ಪುತ್ತದೆ. ಎಲ್ಲರೂ ಬಲ್ಲ ಹಸುವಿಗೆ ಹಾಗಲ್ಲ. ಕರುವನ್ನು ಕರೆಯುವ ಕೂಗಿಗೂ ಹಸಿವಿನ ಕೂಗಿಗೂ ಇರುವ ಭೇದವನ್ನು ನಮ್ಮ ಹಳ್ಳಿಗರು ಕೂಡಲೆ ಗುರುತಿಸುತ್ತಾರೆ.

1980ರ ದಶಕದಲ್ಲಿ ಶಂಕರ್ ನಾಗ್ ಮತ್ತು ಅನಂತ್ ನಾಗ್ ಸೋದರರು ಬೆಂಗಳೂರಿನಲ್ಲಿ ‘ಸಂಕೇತ್’ ಧ್ವನಿಮುದ್ರಣ ಮಂದಿರವನ್ನು ಕಟ್ಟಿದರು. ದನಿಗೆ ಕಡೆಗೂ ಮನೆಯಾಯಿತು. ಆದರೆ ಮನೆಯಾದರೆ ಸಾಲದು, ಒಳಗಿನ ಒಡವೆಯೂ ಉಳಿಯಬೇಕು. ‘ಸತಿ ಸುಲೋಚನಾ’ದ ಪ್ರತಿ ಇಂದು ಉಳಿದಿಲ್ಲ. ಕನ್ನಡ ತೆರೆಯ ಮೊದಲ ನುಡಿಯನ್ನು ನಾವಿನ್ನು ಕೇಳುವಂತಿಲ್ಲ.

ನಮ್ಮ ಕೆಂಗೇರಿಯನ್ನೇ ನೋಡಿ. ಮೈಸೂರು ದಾರಿಯ ಮೀಟರ್‌ಗೇಜ್ ಹಳಿಗಳ ಮೇಲೆ ಉಗಿಬಂಡಿ ಏದುಸಿರು ಬಿಡುತ್ತಾ ಬರುತ್ತಿದ್ದ ಊರು ಇದು. ಇಂದು ಅಲ್ಲಿ ಅಗಲ ಹಳಿ. 2021ರಿಂದ ಮೆಟ್ರೋ ಕೂಡ ಬಂದಿದೆ. ಹಳೆಯ ನಿಲ್ದಾಣ ಬೇಕೆಂದರೆ ಬಡಗಿಯೂ ಬಣ್ಣಗಾರನೂ ಕಟ್ಟಿಕೊಟ್ಟಾರು. ಆ ಹಳಿಯ ಸದ್ದು ಮಾತ್ರ, ಯಾರಾದರೂ ಹಿಡಿದಿಟ್ಟಿದ್ದರೆ ಉಂಟು, ಇಲ್ಲವಾದರೆ ಇಲ್ಲ.

ಆದುದರಿಂದ ಮುಂದಿನ ಬಾರಿ ಚಿತ್ರಮಂದಿರಕ್ಕೆ ಹೋದಾಗ ತುಸು ಮುಂಚೆಯೇ ಕುಳಿತು, ಧ್ವನಿಗ್ರಾಹಕರ ಹೆಸರನ್ನು ಓದಿಕೊಳ್ಳಿ. ನಮ್ಮ ಕಾಲ ಹೇಗೆ ಕೇಳಿಸುತ್ತಿತ್ತೆಂದು ಮೊಮ್ಮಕ್ಕಳಿಗೆ ತಿಳಿಸಬಲ್ಲವರು ಅವರೇ.