ನಾಲ್ಕನೇ ಜ್ವರ ಎದ್ದ ಹುಳ
ಮದ್ದೂರು, ಮಳವಳ್ಳಿ ಕಡೆ ಹೋದಾಗ ನನ್ನ ಕಣ್ಣು ಕಬ್ಬಿಗಿಂತ ಹಿಪ್ಪುನೇರಳೆ ತೋಟ ಹುಡುಕುತ್ತೆ. ಟಿಪ್ಪು ಕಾಲದಲ್ಲಿ ಮೈಸೂರು ಸೀಮೆಗೆ ಬಂದ ರೇಷ್ಮೆಹುಳ ವಿಜ್ಞಾನಕ್ಕೂ ಪಾಠ ಹೇಳಿದೆ.

ಜೀವಕೋಶದಲ್ಲಿ ಪ್ರೋಟೀನ್ ನೇಯೋ ಮಗ್ಗ ರೈಬೋಸೋಮ್. ಅದಕ್ಕೆ ಅಮೈನೋ ಆಮ್ಲ ಹೊತ್ತು ತರೋದು ಟಿಆರ್‌ಎನ್‌ಎ. ಯಾವ ಟಿಆರ್‌ಎನ್‌ಎ ಮೇಲೆ ಯಾವ ಆಮ್ಲ ಹೇರಬೇಕು ಅನ್ನೋದನ್ನು ನೋಡಿಕೊಳ್ಳೋದು ಸಿಂಥೆಟೇಸ್ ಕಿಣ್ವಗಳು. ರೇಷ್ಮೆ ಎಳೆಯ ಫೈಬ್ರಾಯಿನ್‌ನಲ್ಲಿ ಸುಮಾರು ಮುಕ್ಕಾಲು ಪಾಲು ಗ್ಲೈಸಿನ್, ಅಲನಿನ್. ಅದಕ್ಕೇ ಗೂಡು ಕಟ್ಟೋ ಮುಂಚೆ ಹುಳದ ಗ್ರಂಥಿಯಲ್ಲಿ ಅವುಗಳ ಟಿಆರ್‌ಎನ್‌ಎ ಹೆಚ್ಚಾಗುತ್ತೆ. 1970ರ ದಶಕದಲ್ಲಿ ಫ್ರಾನ್ಸ್‌ನಲ್ಲಿ ಇದು ಗೊತ್ತಾಯ್ತು. 1990ರ ದಶಕದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಕೆ. ಪಿ. ಗೋಪಿನಾಥನ್ ತಂಡ ಗ್ಲೈಸಿನ್ ಟಿಆರ್‌ಎನ್‌ಎ ಜೀನ್‌ಗಳನ್ನು ಕೆದಕಿತು.

ಹುಳ ಎಷ್ಟೇ ಸಜ್ಜಾದರೂ ಸರಕು ಬರೋದು ಸೊಪ್ಪಿನಿಂದ. ನಾಲ್ಕನೇ ಜ್ವರ ಎದ್ದ ಹುಳಕ್ಕೆ ಸೊಪ್ಪು ಹಾಕೋ ಕೈ ಸೋತರೆ ಮಗ್ಗವೂ ಸೋಲುತ್ತೆ. ಸೀರೆಯ ಬೆಲೆಯಲ್ಲಿ ಆ ಕೈಗಳ ಪಾಲೆಷ್ಟು, ಕೇಳಿ ನೋಡಿ.