ಸೇಲಂನ ಸ್ಟುಡಿಯೋ, ಸಾಲದ ರಾಗ

ಸೇಲಂನಿಂದ ಯೆರ್ಕಾಡಿಗೆ ಹೋಗುವ ರಸ್ತೆಯ ಬದಿಯಲ್ಲಿ ಹಳೆಯ ಕಮಾನೊಂದಿದೆ. ಟಿ.ಆರ್. ಸುಂದರಂ ಅವರು 1935ರಲ್ಲಿ ಆರಂಭಿಸಿದ ಮಾಡರ್ನ್ ಥಿಯೇಟರ್ಸ್‌ನ ಹೆಬ್ಬಾಗಿಲು ಅದು. ಮಲಯಾಳಂನ ಮೊದಲ ವಾಕ್ಚಿತ್ರ 'ಬಾಲನ್' (1938) ತಯಾರಾದದ್ದು ಇಲ್ಲಿಯೇ.

1963ರಲ್ಲಿ ಸುಂದರಂ ತೀರಿಕೊಂಡರು. ಮಗ ರಾಮಸುಂದರಂ ಸ್ಟುಡಿಯೋ ಮುನ್ನಡೆಸಿದರು. ಆರ್. ಸುಂದರಂ ಎಂಬ ಹೆಸರಿನಲ್ಲಿ ಅವರೇ ನಿರ್ದೇಶಕರೂ ಆಗಿದ್ದರು. ಜೈಶಂಕರ್ ನಾಯಕರಾಗಿ 'ವಲ್ಲವನ್ ಒರುವನ್' (1966), 'ಸಿ.ಐ.ಡಿ. ಶಂಕರ್' (1970) ಮುಂತಾದ ಪತ್ತೇದಾರಿ ಚಿತ್ರಗಳು ಬಂದವು. ಗೂಢಚಾರ, ಪಿಸ್ತೂಲು, ಕ್ಲಬ್ ಡ್ಯಾನ್ಸ್. ಬೇಗ ತಯಾರಿ, ಮಿತ ಖರ್ಚು.

ಇವಕ್ಕೆ ಸಂಗೀತ ಕೊಟ್ಟವರು ವೇದಾ. ಜನರ ಬಾಯಲ್ಲಿ ಆಗಲೇ ಇದ್ದ ಹಿಂದಿ ಟ್ಯೂನ್‌ಗಳಿಗೆ ತಮಿಳು ಸಾಹಿತ್ಯ ಕೂಡಿಸಿದ್ದರಿಂದ ಹಾಡುಗಳು ಗೆದ್ದವು. ಆದರೆ ವೇದಾರಿಗೆ 'ನಕಲು ಸಂಗೀತಗಾರ' ಎಂಬ ಹೆಸರು ಅಂಟಿತು. ಕಲ್ಕಿಯವರ ಕಾದಂಬರಿ ಆಧರಿಸಿದ 'ಪಾರ್ಥಿಬನ್ ಕನವು' (1960) ಚಿತ್ರಕ್ಕೂ ಸಂಗೀತ ಅವರದೇ. ಅದನ್ನು ಕೇಳಿದವರು ಅವರಿಗೆ ಸ್ವಂತ ರಾಗ ಬರುತ್ತಿರಲಿಲ್ಲ ಎನ್ನಲಾರರು. ಸಾಲದ ರಾಗದ ಹೊಣೆ ಸಂಗೀತಗಾರರೊಬ್ಬರದೇ ಅಲ್ಲ, ಚಿತ್ರೋದ್ಯಮದ ಲೆಕ್ಕಾಚಾರದ್ದೂ ಹೌದು.

ಸ್ನೇಹಿತರೇ, ಗಾಂಧಿನಗರದ ಕಥೆ ಬಲ್ಲ ನಮ್ಮ ಕನ್ನಡ ಶಾಲೆಯ ಮಕ್ಕಳಿಗೆ ಪಕ್ಕದ ಸೇಲಂ ಕಥೆಯೂ ತಿಳಿದಿರಲಿ. ಯೆರ್ಕಾಡು ಪ್ರವಾಸಕ್ಕೆ ಹೋದಾಗ ಬಸ್ಸನ್ನು ಆ ಕಮಾನಿನ ಬಳಿ ಐದು ನಿಮಿಷ ನಿಲ್ಲಿಸಿ.